ತಾಂತ್ರಿಕ ಪದಗಳು ಮತ್ತು ಯಂತ್ರಗಳ ಮೇಲಿನ ಅವಲಂಬನೆ: ಪದೇ ಪದೇ ಕೇಳುವ ಪ್ರಶ್ನೆಗಳು

ತಾಂತ್ರಿಕ ಪದಗಳು ನನಗೆ ಅರ್ಥವಾಗುವುದೇ ಇಲ್ಲ. ಇದು ನನ್ನ ದಡ್ಡತನವೆ?

ಅಲ್ಲ. ಈ ಪುಟವನ್ನು ಬರೆಯಲು ಕಾರಣವೇ ಈ ಪ್ರಶ್ನೆ. ಹಲವು ವರ್ಷಗಳಿಂದ ನೆಂಟರಿಷ್ಟರ ಮತ್ತು ಸಹೋದ್ಯೋಗಿಗಳ ಕಂಪ್ಯೂಟರ್, ಫೋನುಗಳ ತೊಂದರೆಗಳನ್ನು ಬಗೆಹರಿಸಿಕೊಡುತ್ತ ಬಂದಿರುವ ನಾನು ಅತಿ ಹೆಚ್ಚು ಸಲ ಕೇಳಿರುವ ಮಾತು "ನನಗೆ ಇದೆಲ್ಲ ತಿಳಿಯುವುದಿಲ್ಲ" ಎಂಬುದು. ಹಾಗೆ ಹೇಳುವವರು ತಮ್ಮ ತಮ್ಮ ಕೆಲಸದಲ್ಲಿ ನುರಿತವರು: ಲೆಕ್ಕಪತ್ರ ನೋಡುವವರು, ಪಾಠ ಹೇಳುವವರು, ರೋಗಿಗಳ ಆರೈಕೆ ಮಾಡುವವರು. ಪರದೆಯ ಮೇಲಿನ ಒಂದು ಪದದ ಎದುರು ಇಂಥವರು ತಲೆ ತಗ್ಗಿಸಬೇಕಾಗಿ ಬಂದರೆ, ತಪ್ಪು ಆ ಪದವನ್ನು ಅಲ್ಲಿ ತಂದಿಟ್ಟವರದು.

ಪರಿಭಾಷೆಯೇ ಕೆಟ್ಟದ್ದೆಂದು ನಾನು ಹೇಳುತ್ತಿಲ್ಲ. ಪ್ರತಿಯೊಂದು ಕಸುಬಿಗೂ ತನ್ನದೇ ಆದ ಮಾತಿರುತ್ತದೆ, ಇರಲೂಬೇಕು. ಗಣಿತಜ್ಞ ಜಾನ್ ಟ್ಯೂಕಿ ಸೂಚಿಸಿದ 'ಬಿಟ್' (0 ಅಥವಾ 1 ಎಂಬ ಒಂದು ಅಂಕಿ) ಎಂಬ ಪುಟ್ಟ ಪದವನ್ನು ಮತ್ತೊಬ್ಬ ಗಣಿತಜ್ಞ ಕ್ಲಾಡ್ ಶಾನನ್ 1948ರಲ್ಲಿ ತಮ್ಮ ಪ್ರಬಂಧದಲ್ಲಿ ಬಳಸಿದಾಗ, ಅದುವರೆಗೆ ಅಂದಾಜಿಗಷ್ಟೇ ಸಿಗುತ್ತಿದ್ದ ಮಾಹಿತಿಗೆ ಒಂದು ನಿಖರವಾದ ಅಳತೆಯ ಹೆಸರು ದೊರೆಯಿತು. ಬಲ್ಲವರ ನಡುವೆ ಇಂಥ ಪದ ಹತ್ತು ವಾಕ್ಯಗಳ ಶ್ರಮವನ್ನು ಉಳಿಸುತ್ತದೆ. ತೊಂದರೆ ಹುಟ್ಟುವುದು ಕಸುಬಿನ ಒಳಮಾತು ಯಾವ ವಿವರಣೆಯೂ ಇಲ್ಲದೆ ಹೊರಗಿನವರ ಮುಂದೆ ಬಂದು ನಿಂತಾಗ. ಅರ್ಥವಾಗದ ಪದದ ಮುಂದೆ ಮನುಷ್ಯನಿಗೆ ಉಳಿಯುವುದು ಎರಡೇ ದಾರಿ: ಹೆದರಿ ಹಿಂದೆ ಸರಿಯುವುದು, ಇಲ್ಲವೆ ಕಣ್ಣು ಮುಚ್ಚಿಕೊಂಡು 'ಸರಿ' ಒತ್ತುವುದು. ಎರಡರಲ್ಲಿಯೂ ತೀರ್ಮಾನ ಅವನ ಕೈಯಲ್ಲಿರುವುದಿಲ್ಲ.

ಒಂದು ಸಂದೇಶ ಅರ್ಥವಾಗದಿದ್ದರೆ ಆಗುವ ನಷ್ಟವಾದರೂ ಏನು?

ಬಹುಪಾಲು ಸಲ ಅರ್ಧ ಗಂಟೆಯ ಸಮಯ ಹಾಳಾಗುತ್ತದೆ, ಅಷ್ಟೇ. ಆದರೆ ಕೆಲವು ಸಲ ಪ್ರಾಣವೇ ಹೋಗಿದೆ. ಅದಕ್ಕೆ ಥೆರಾಕ್-25 ಎಂಬ ವಿಕಿರಣ ಚಿಕಿತ್ಸಾ ಯಂತ್ರದ ಕಥೆಯೇ ಸಾಕ್ಷಿ. ಕ್ಯಾನ್ಸರ್ ರೋಗಿಗಳಿಗೆಂದು ರೂಪಿಸಿದ ಈ ಯಂತ್ರ 1985ರಿಂದ 1987ರ ನಡುವೆ ಉತ್ತರ ಅಮೆರಿಕದ ಆಸ್ಪತ್ರೆಗಳಲ್ಲಿ ಕನಿಷ್ಠ ಆರು ಮಂದಿಗೆ ನಿಗದಿತ ಪ್ರಮಾಣಕ್ಕಿಂತ ಎಷ್ಟೋ ಪಟ್ಟು ಹೆಚ್ಚು ವಿಕಿರಣ ನೀಡಿತು. ಮೂಲ ದೋಷ ತಂತ್ರಾಂಶದಲ್ಲಿತ್ತು: ಚಿಕಿತ್ಸೆಯ ವಿವರಗಳಲ್ಲಿ ಆಗಿದ್ದ ತಪ್ಪನ್ನು ಕೈಚಳಕವಿರುವ ಸಿಬ್ಬಂದಿ ಬೇಗನೆ ತಿದ್ದಿದರೆ, ಆ ತಿದ್ದುಪಡಿ ಯಂತ್ರದ ಎಲ್ಲ ಭಾಗಗಳಿಗೂ ಸರಿಯಾಗಿ ತಲುಪುತ್ತಿರಲಿಲ್ಲ.

ನನ್ನನ್ನು ಹೆಚ್ಚು ಕಾಡುವುದು ಆಗ ಪರದೆಯ ಮೇಲೆ ಮೂಡಿದ ಸಂದೇಶ. 1986ರಲ್ಲಿ ಟೆಕ್ಸಸ್‌ನ ಟೈಲರ್ ಎಂಬಲ್ಲಿ ರೋಗಿಯೊಬ್ಬರು ಒಳಗೆ ನೋವಿನಿಂದ ನರಳುತ್ತಿದ್ದಾಗ ಹೊರಗಿದ್ದ ಸಿಬ್ಬಂದಿಗೆ ಕಂಡದ್ದು "ದೋಷ 54" ಎಂಬರ್ಥದ ಒಂದೇ ಸಾಲು. ಆ ಸಂಖ್ಯೆ ಏನನ್ನು ಹೇಳುತ್ತದೆಂದು ಅವರ ಕೈಪಿಡಿ ವಿವರಿಸಿರಲಿಲ್ಲ. ಇಂಥ ಸಂಖ್ಯೆಗಳು ದಿನವೂ ಹಲವು ಸಲ ಬಂದುಹೋಗುತ್ತಿದ್ದುದರಿಂದ, ಒಂದು ಕೀಲಿ ಒತ್ತಿ ಮುಂದುವರಿಯುವುದು ರೂಢಿಯಾಗಿಬಿಟ್ಟಿತ್ತು. ಅಂದೂ ಹಾಗೆಯೇ ಆಯಿತು. ರೋಗಿಗೆ ಎರಡನೆಯ ಏಟು ಬಿತ್ತು. ಕೆಲವು ತಿಂಗಳುಗಳ ನಂತರ ಅವರು ತೀರಿಕೊಂಡರು. "ವಿಕಿರಣದ ಪ್ರಮಾಣ ತಪ್ಪಾಗಿದೆ, ನಿಲ್ಲಿಸಿ, ರೋಗಿಯನ್ನು ನೋಡಿ" ಎಂಬ ಮಾತು ಆ ಪರದೆಯ ಮೇಲೆ ಇದ್ದಿದ್ದರೆ ಯಾವ ಸಿಬ್ಬಂದಿಯೂ ಮುಂದುವರಿಯುವ ಕೀಲಿಯನ್ನು ಮುಟ್ಟುತ್ತಿರಲಿಲ್ಲವೆಂದು ನಾನು ದೃಢವಾಗಿ ನಂಬಿದ್ದೇನೆ.

404, 500 ಇತ್ಯಾದಿ ಸಂಖ್ಯೆಗಳ ಅರ್ಥವೇನು?

ಇವು ಜಾಲತಾಣಗಳ ಉತ್ತರಸಂಖ್ಯೆಗಳು. 4ರಿಂದ ಆರಂಭವಾಗುವ ಸಂಖ್ಯೆ ಬಂದರೆ ಕೇಳಿದ ಕೋರಿಕೆಯಲ್ಲಿ ಏನೋ ಹೊಂದುತ್ತಿಲ್ಲವೆಂದು ತಿಳಿಯಿರಿ. 404 ಎಂದರೆ ಆ ವಿಳಾಸದಲ್ಲಿ ಆ ಪುಟ ಇಲ್ಲ. 5ರಿಂದ ಆರಂಭವಾದರೆ ತೊಂದರೆ ಅವರ ಕಡೆಯದು, ನಿಮ್ಮ ಫೋನನ್ನಾಗಲಿ ನಿಮ್ಮನ್ನಾಗಲಿ ಹಳಿದುಕೊಳ್ಳುವ ಅಗತ್ಯವಿಲ್ಲ. ಇಷ್ಟು ತಿಳಿದಿದ್ದರೆ ಸಾಕು.

"ಕ್ಲೌಡ್‌ನಲ್ಲಿದೆ" ಎನ್ನುತ್ತಾರಲ್ಲ, ನನ್ನ ಫೋಟೋಗಳು ನಿಜವಾಗಿ ಎಲ್ಲಿವೆ?

ನೆಲದ ಮೇಲೆ, ಸಾವಿರಾರು ಕಂಪ್ಯೂಟರುಗಳನ್ನು ಸಾಲಾಗಿ ಜೋಡಿಸಿರುವ ಯಾವುದೋ ಕಟ್ಟಡದಲ್ಲಿವೆ. ಆ ಕಟ್ಟಡಕ್ಕೆ ಹಗಲಿರುಳೂ ವಿದ್ಯುತ್ ಬೇಕು, ಬಿಸಿಯನ್ನು ಹೊರಹಾಕುವ ವ್ಯವಸ್ಥೆ ಬೇಕು, ಕಾವಲು ಬೇಕು. ಒಂದು ಖಂಡದಿಂದ ಮತ್ತೊಂದು ಖಂಡಕ್ಕೆ ಹೋಗುವ ಮಾಹಿತಿಯ ಬಹುಪಾಲು ಸಾಗುವುದು ಸಮುದ್ರದ ತಳದಲ್ಲಿ ಹಾಸಿರುವ ಕೇಬಲ್‌ಗಳ ಮೂಲಕ. ಮುಗಿಲಿಗೂ ಇದಕ್ಕೂ ಯಾವ ಸಂಬಂಧವೂ ಇಲ್ಲ. ಎಂಜಿನಿಯರುಗಳು ತಮ್ಮ ನಕ್ಷೆಗಳಲ್ಲಿ ವಿವರ ಬೇಕಿಲ್ಲದ ಹೊರಗಿನ ಜಾಲವನ್ನು ಮೋಡದ ಆಕಾರದಲ್ಲಿ ಬರೆಯುತ್ತಿದ್ದ ರೂಢಿಯಿಂದ ಆ ಹೆಸರು ಬೆಳೆದು ಬಂತು.

ಈ ಪದದ ಬಗೆಗೆ ನನಗೆ ತಕರಾರಿದೆ. ಹಗುರವಾದ, ಸುಡದ, ಮುಳುಗದ ಒಂದು ವಸ್ತುವಿನ ಚಿತ್ರವನ್ನು ಅದು ಮನಸ್ಸಿನಲ್ಲಿ ಮೂಡಿಸುತ್ತದೆ. 2021ರ ಮಾರ್ಚ್ 10ರಂದು ಫ್ರಾನ್ಸಿನ ಸ್ಟ್ರಾಸ್‌ಬರ್ಗ್‌ನಲ್ಲಿ ಓವಿಎಚ್ ಸಂಸ್ಥೆಯ ದತ್ತಾಂಶ ಕೇಂದ್ರವೊಂದು ಬೆಂಕಿಗೆ ಆಹುತಿಯಾದಾಗ, ಬೇರೆ ಕಡೆ ಪ್ರತಿ ಇಟ್ಟುಕೊಳ್ಳದಿದ್ದ ಗ್ರಾಹಕರು ತಮ್ಮ ಮಾಹಿತಿಯನ್ನು ಶಾಶ್ವತವಾಗಿ ಕಳೆದುಕೊಂಡರು. "ಬೇರೆಯವರ ಕಂಪ್ಯೂಟರಿನಲ್ಲಿ ಇಟ್ಟಿದ್ದೇವೆ" ಎಂದು ಹೇಳಿಕೊಂಡು ನೋಡಿ. ಮರುಕ್ಷಣವೇ "ನನ್ನ ಬಳಿಯೂ ಒಂದು ಪ್ರತಿ ಇರಲಿ" ಎಂಬ ಯೋಚನೆ ತಾನಾಗಿ ಬರುತ್ತದೆ.

ಪರಿಚಿತ ಪದಗಳೇ ದಾರಿ ತಪ್ಪಿಸುತ್ತವೆಯೆ?

ಅಪರಿಚಿತ ಪದಗಳಿಗಿಂತ ಹೆಚ್ಚಾಗಿ ತಪ್ಪಿಸುತ್ತವೆ, ಏಕೆಂದರೆ ಅಲ್ಲಿ ನಮಗೆ ಅನುಮಾನವೇ ಹುಟ್ಟುವುದಿಲ್ಲ. 'ಅಳಿಸು' ಎಂಬ ಗುಂಡಿ ಒತ್ತಿದರೆ ಕಡತ ಅಳಿಯಿತೆಂದೇ ನಾವು ತಿಳಿಯುತ್ತೇವೆ. ಹಾರ್ಡ್ ಡಿಸ್ಕಿನಲ್ಲಿ ಸಾಮಾನ್ಯವಾಗಿ ಆಗುವುದು ಬೇರೆ: ಆ ಜಾಗ ಖಾಲಿಯಿದೆಯೆಂದು ಗುರುತು ಹಾಕಲಾಗುತ್ತದೆ, ಅದರ ಮೇಲೆ ಬೇರೊಂದನ್ನು ಬರೆಯುವವರೆಗೆ ಹಳೆಯದು ಅಲ್ಲಿಯೇ ಉಳಿದಿರುತ್ತದೆ. ಹಳೆಯ ಕಂಪ್ಯೂಟರನ್ನು ಮಾರುವವರು ಇದನ್ನು ಅರಿತಿರಲೇಬೇಕು. ಹಾಗೆಯೇ ಬ್ರೌಸರಿನ 'ಖಾಸಗಿ' ವಿಂಡೋ ನಿಮ್ಮ ಕಂಪ್ಯೂಟರಿನಲ್ಲಿ ಭೇಟಿಯ ದಾಖಲೆ ಉಳಿಸುವುದಿಲ್ಲ, ಅಷ್ಟೇ. ನೀವು ನೋಡುವ ತಾಣಗಳಿಗಾಗಲಿ, ಅಂತರ್ಜಾಲ ಸಂಪರ್ಕ ಕೊಟ್ಟಿರುವ ಸಂಸ್ಥೆಗಾಗಲಿ ಅದು ನಿಮ್ಮನ್ನು ಮರೆಮಾಡುವುದಿಲ್ಲ.

'ಯಶಸ್ವಿ' ಎಂಬ ಪದವನ್ನೂ ಇದೇ ಸಾಲಿಗೆ ಸೇರಿಸುತ್ತೇನೆ. "ನಿಮ್ಮ ಕೋರಿಕೆ ಯಶಸ್ವಿಯಾಗಿ ಸ್ವೀಕೃತವಾಗಿದೆ" ಎಂದರೆ ಅರ್ಜಿ ತಲುಪಿತು ಎಂದಷ್ಟೇ ಅರ್ಥ, ಕೆಲಸ ಆಯಿತು ಎಂದಲ್ಲ. ಅಪ್ಪಣೆ ಕೊಟ್ಟದ್ದಕ್ಕೂ ಅಪ್ಪಣೆ ನಡೆದದ್ದಕ್ಕೂ ಇರುವ ಈ ಅಂತರ 1979ರ ಮಾರ್ಚ್ 28ರಂದು ಅಮೆರಿಕದ ತ್ರೀ ಮೈಲ್ ಐಲೆಂಡ್ ಅಣು ವಿದ್ಯುತ್ ಸ್ಥಾವರದಲ್ಲಿ ದೊಡ್ಡ ಅನಾಹುತಕ್ಕೆ ದಾರಿಯಾಯಿತು. ಅಲ್ಲಿ ಒಂದು ಕವಾಟ ತೆರೆದ ಸ್ಥಿತಿಯಲ್ಲಿಯೇ ಸಿಕ್ಕಿಕೊಂಡು ತಂಪುಕಾರಕ ನೀರು ಹೊರಹೋಗುತ್ತಿತ್ತು. ನಿಯಂತ್ರಣ ಕೊಠಡಿಯ ದೀಪ ಮಾತ್ರ ಆರಿತ್ತು, ಏಕೆಂದರೆ ಅದು ಕವಾಟಕ್ಕೆ ಹೋದ ಸಂಕೇತವನ್ನು ತೋರಿಸುತ್ತಿತ್ತೇ ಹೊರತು ಕವಾಟದ ಸ್ಥಿತಿಯನ್ನಲ್ಲ. ಕವಾಟ ಮುಚ್ಚಿದೆಯೆಂದು ನಂಬಿದವರು ಗಂಟೆಗಟ್ಟಲೆ ತಪ್ಪು ದಾರಿಯಲ್ಲಿ ನಡೆದರು, ಕೊನೆಗೆ ಸ್ಥಾವರದ ಒಡಲಿನ ಇಂಧನ ಭಾಗಶಃ ಕರಗಿಹೋಯಿತು. ಹಣ ಕಳಿಸಿದಾಗ 'ಕಳಿಸಲಾಗಿದೆ' ಎಂಬುದನ್ನು ನೋಡಿ ನಿಶ್ಚಿಂತರಾಗದೆ, 'ತಲುಪಿತೆ' ಎಂದು ಎದುರಿನವರನ್ನು ಕೇಳುವ ಹಿರಿಯರ ಅಭ್ಯಾಸದಲ್ಲಿ ಒಳ್ಳೆಯ ವಿವೇಕವಿದೆ.

"ಕುಕೀ ಒಪ್ಪುತ್ತೇನೆ" ಎಂದು ಒತ್ತುವಾಗ ನಾನು ಒಪ್ಪುತ್ತಿರುವುದೇನು?

ಕುಕೀ ಎಂದರೆ ಜಾಲತಾಣವೊಂದು ನಿಮ್ಮ ಬ್ರೌಸರಿನಲ್ಲಿ ಇಟ್ಟುಹೋಗುವ ಒಂದು ಸಣ್ಣ ಚೀಟಿ. ಮುಂದಿನ ಸಲ ಹೋದಾಗ ಆ ಚೀಟಿಯನ್ನು ನೋಡಿ ತಾಣ ನಿಮ್ಮನ್ನು ಗುರುತಿಸುತ್ತದೆ. 1994ರಲ್ಲಿ ನೆಟ್‌ಸ್ಕೇಪ್ ಸಂಸ್ಥೆಯಲ್ಲಿ ಲೂ ಮೊಂಟುಲಿ ಇದನ್ನು ರೂಪಿಸಿದ್ದು ಒಳ್ಳೆಯ ಉದ್ದೇಶಕ್ಕೇ. ಅದಿಲ್ಲದಿದ್ದರೆ ಪುಟದಿಂದ ಪುಟಕ್ಕೆ ಹೋದಾಗಲೆಲ್ಲ ನೀವು ಹೊಸಬರಾಗುತ್ತಿದ್ದಿರಿ. ನೀವು ಭೇಟಿಯೇ ಕೊಡದ ಜಾಹೀರಾತು ಸಂಸ್ಥೆಗಳು ಹಲವು ತಾಣಗಳಲ್ಲಿ ತಮ್ಮ ಚೀಟಿ ಇಟ್ಟು, ನಿಮ್ಮ ಓಡಾಟವನ್ನು ಜೋಡಿಸಿ ನೋಡುವುದು ಮಾತ್ರ ಬೇರೆಯೇ ಸಂಗತಿ. ಅದಕ್ಕೂ ಇದೇ ಪದ, ಇದೇ ಗುಂಡಿ.

ನಿಯಮಗಳನ್ನು ಓದಿ ಒಪ್ಪಬಾರದಿತ್ತೆ ಎಂದು ಕೆಲವರು ಗದರುತ್ತಾರೆ. ಅಲೀಶಿಯಾ ಮೆಕ್‌ಡೊನಾಲ್ಡ್ ಮತ್ತು ಲೋರಿ ಕ್ರೇನರ್ ಎಂಬ ಸಂಶೋಧಕರು 2008ರಲ್ಲಿ ಹಾಕಿದ ಅಂದಾಜಿನ ಪ್ರಕಾರ, ಅಮೆರಿಕದ ಒಬ್ಬ ಸಾಮಾನ್ಯ ಬಳಕೆದಾರ ತಾನು ಭೇಟಿ ಕೊಡುವ ತಾಣಗಳ ಖಾಸಗಿತನದ ನೀತಿಗಳನ್ನು ಓದಲು ಹೊರಟರೆ ವರ್ಷಕ್ಕೆ ಸುಮಾರು 244 ಗಂಟೆ ಬೇಕಾಗುತ್ತಿತ್ತು. ಓದಲಾಗದಷ್ಟು ಬರೆದು ಪಡೆದ ಒಪ್ಪಿಗೆಯನ್ನು ಒಪ್ಪಿಗೆಯೆಂದು ಕರೆಯಲು ನನ್ನ ಮನಸ್ಸು ಒಪ್ಪುವುದಿಲ್ಲ. 'ಅಗತ್ಯವಿರುವುದು ಮಾತ್ರ' ಅಥವಾ 'ನಿರಾಕರಿಸು' ಎಂಬ ಗುಂಡಿಯಿದ್ದರೆ ಅದನ್ನೇ ಆರಿಸಿಕೊಳ್ಳಿ.

100 ಎಂಬಿಪಿಎಸ್ ಸಂಪರ್ಕ ಕೊಂಡಿದ್ದೇನೆ, ಆದರೆ ಕಡತ ಸೆಕೆಂಡಿಗೆ 12 ಎಂಬಿಯಷ್ಟೇ ಇಳಿಯುತ್ತಿದೆ. ಮೋಸವಾಯಿತೆ?

ಇಲ್ಲ. ಸಂಪರ್ಕದ ವೇಗವನ್ನು ಸೆಕೆಂಡಿಗೆ ಇಷ್ಟು ಮೆಗಾಬಿಟ್ (ಎಂಬಿಪಿಎಸ್) ಎಂದೂ ಕಡತದ ಗಾತ್ರವನ್ನು ಇಷ್ಟು ಮೆಗಾಬೈಟ್ (ಎಂಬಿ) ಎಂದೂ ಹೇಳುತ್ತಾರೆ. 8 ಬಿಟ್ ಸೇರಿದರೆ 1 ಬೈಟ್. 100ನ್ನು 8ರಿಂದ ಭಾಗಿಸಿದರೆ 12.5. ಒಂದು ಟೆರಾಬೈಟ್ ಎಂದು ಕೊಂಡ ಡಿಸ್ಕ್ ಕಂಪ್ಯೂಟರಿನಲ್ಲಿ 931 ಜಿಬಿ ಎಂದು ಕಾಣಿಸುವುದಕ್ಕೂ ಕಾರಣ ಇಂಥದ್ದೇ: ತಯಾರಕರು 1000ದ ಲೆಕ್ಕ ಹಿಡಿಯುತ್ತಾರೆ, ಕಂಪ್ಯೂಟರ್ 1024ರ ಲೆಕ್ಕದಲ್ಲಿ ಎಣಿಸುತ್ತದೆ. ಯಾರೂ ಸುಳ್ಳು ಹೇಳಿಲ್ಲವಾದರೂ, ಕೊಳ್ಳುವವರಿಗೆ ಇದನ್ನು ಮೊದಲೇ ತಿಳಿಸುವ ಸೌಜನ್ಯ ಇರಬೇಕಿತ್ತು.

ಎಲ್ಲ ತೊಂದರೆಗೂ "ಆಫ್ ಮಾಡಿ ಆನ್ ಮಾಡಿ" ಎನ್ನುತ್ತಾರೆ. ಅದು ಜಾರಿಕೊಳ್ಳುವ ಉತ್ತರವೆ?

ಅದೊಂದು ನಿಜವಾದ ಚಿಕಿತ್ಸೆ. ಕಾರ್ಯಕ್ರಮಗಳು ಓಡುತ್ತ ಹೋದಂತೆ ಬಳಸಿ ಬಿಡದ ಸ್ಮೃತಿ, ಮುಗಿಯದೆ ನಿಂತ ಕೆಲಸಗಳು, ಸಣ್ಣ ಸಣ್ಣ ತಪ್ಪುಗಳು ಒಂದರ ಮೇಲೊಂದು ಕೂಡಿಕೊಳ್ಳುತ್ತವೆ. ಹೊಸದಾಗಿ ಆರಂಭಿಸಿದಾಗ ಎಲ್ಲವೂ ಗೊತ್ತಿರುವ, ಶುಚಿಯಾದ ಸ್ಥಿತಿಗೆ ಮರಳುತ್ತವೆ. ಬೋಯಿಂಗ್ 787 ವಿಮಾನಗಳ ವಿದ್ಯುತ್ ವ್ಯವಸ್ಥೆಯನ್ನು 248 ದಿನ ಒಂದೇ ಸಮನೆ ನಡೆಸಿದರೆ ಅದು ಸ್ಥಗಿತಗೊಳ್ಳಬಹುದೆಂದು 2015ರಲ್ಲಿ ಗೊತ್ತಾದಾಗ, ಅಮೆರಿಕದ ವಿಮಾನಯಾನ ನಿಯಂತ್ರಕರು ತಾತ್ಕಾಲಿಕ ಪರಿಹಾರವಾಗಿ ಆಜ್ಞಾಪಿಸಿದ್ದೂ ಕಾಲಕಾಲಕ್ಕೆ ಆಫ್ ಮಾಡಿ ಎಂಬುದನ್ನೇ.

ಆದರೆ ಈ ಸಲಹೆಯನ್ನು ಹೇಗೆ ಹೇಳಬೇಕೆಂಬುದಕ್ಕೆ ಒಂದು ನೋವಿನ ಉದಾಹರಣೆಯಿದೆ. ಪೇಟ್ರಿಯಟ್ ಎಂಬ ಕ್ಷಿಪಣಿ ನಿರೋಧಕ ವ್ಯವಸ್ಥೆಯ ಗಡಿಯಾರ ಓಡುತ್ತ ಹೋದಂತೆ ಅತ್ಯಲ್ಪ ಪ್ರಮಾಣದಲ್ಲಿ ತಪ್ಪುತ್ತಿತ್ತು. 100 ಗಂಟೆಗಳಲ್ಲಿ ಆ ತಪ್ಪು ಒಂದು ಸೆಕೆಂಡಿನ ಮೂರನೆಯ ಒಂದು ಭಾಗವಾಗುತ್ತಿತ್ತು. 1991ರ ಫೆಬ್ರುವರಿಯಲ್ಲಿ ಬಳಕೆದಾರರಿಗೆ ಎಚ್ಚರಿಕೆಯ ಸಂದೇಶ ಹೋಯಿತು: ಬಹಳ ಹೊತ್ತು ಓಡಿಸಿದರೆ ಗುರಿ ಜರುಗಬಹುದು. ಬಹಳ ಹೊತ್ತು ಎಂದರೆ ಎಷ್ಟು ಗಂಟೆ ಎಂದು ಅದರಲ್ಲಿ ಇರಲಿಲ್ಲ. ಅಡ್ಡಗೋಡೆಯ ಮೇಲೆ ದೀಪ ಇಟ್ಟಂತಹ ಮಾತು. ಅದೇ ತಿಂಗಳ 25ರಂದು ಸೌದಿ ಅರೇಬಿಯದ ದಹ್ರಾನ್‌ನಲ್ಲಿ 100 ಗಂಟೆಗಿಂತ ಹೆಚ್ಚು ಕಾಲ ಓಡುತ್ತಿದ್ದ ವ್ಯವಸ್ಥೆ ಎದುರಿನಿಂದ ಬಂದ ಕ್ಷಿಪಣಿಯನ್ನು ಹಿಡಿಯಲಾರದೆ ಹೋಯಿತು, 28 ಸೈನಿಕರು ಸತ್ತರು. ಸರಿಪಡಿಸಿದ ತಂತ್ರಾಂಶ ಅಲ್ಲಿಗೆ ತಲುಪಿದ್ದು ಮರುದಿನ. "ಎಂಟು ಗಂಟೆಗೊಮ್ಮೆ ಆರಿಸಿ ಹೊತ್ತಿಸಿ" ಎಂದು ಬರೆಯಲು ಯಾವ ಪಾಂಡಿತ್ಯವೂ ಬೇಕಿರಲಿಲ್ಲ.

ಎಲ್ಲವನ್ನೂ ಕನ್ನಡಕ್ಕೆ ತಂದರೆ ಸಮಸ್ಯೆ ನೀಗುವುದಿಲ್ಲವೆ?

ಹೇಗೆ ತರುತ್ತೇವೆ ಎಂಬುದರ ಮೇಲಿದೆ. 'ತಂತ್ರಾಂಶ', 'ಜಾಲತಾಣ', 'ಮಿಂಚಂಚೆ'ಗಳು ಚೆಂದದ ಪದಗಳೇ, ಮೊದಲ ಎರಡು ನೆಲೆಯೂರಿವೆ. ಆದರೆ "ಕೋರಿಕೆಯ ಕಾಲಾವಧಿಯು ಮುಕ್ತಾಯಗೊಂಡಿದೆ" ಎಂಬ ಸಾಲು ಕನ್ನಡ ಲಿಪಿಯಲ್ಲಿದ್ದರೂ ಯಾರಿಗೂ ಏನನ್ನೂ ಹೇಳುವುದಿಲ್ಲ. ಅದನ್ನೇ "ಉತ್ತರಕ್ಕಾಗಿ ಕಾದೆವು, ಬರಲಿಲ್ಲ, ಸ್ವಲ್ಪ ಹೊತ್ತು ಬಿಟ್ಟು ಮತ್ತೆ ಪ್ರಯತ್ನಿಸಿ" ಎಂದು ಬರೆದರೆ ಮಗುವಿಗೂ ತಿಳಿಯುತ್ತದೆ. ಗೊಂದಲದ ಇಂಗ್ಲಿಷನ್ನು ಗೊಂದಲದ ಸಂಸ್ಕೃತಮಯ ಕನ್ನಡವಾಗಿಸುವುದರಲ್ಲಿ ಭಾಷಾಭಿಮಾನವೇನೂ ಇಲ್ಲ. ಪಾಸ್‌ವರ್ಡ್, ಫೋನ್, ಫೈಲ್ ಎಂದು ಜನ ಆಡುತ್ತಿದ್ದರೆ ಹಾಗೆಯೇ ಬರೆಯೋಣ. ಪದ ಎಲ್ಲಿಂದ ಬಂತೆಂಬುದಕ್ಕಿಂತ ವಾಕ್ಯ ನೆಟ್ಟಗಿದೆಯೆ, ಏನಾಯಿತು ಮತ್ತು ಮುಂದೇನು ಮಾಡಬೇಕೆಂದು ಹೇಳುತ್ತದೆಯೆ ಎಂಬುದು ನನಗೆ ಮುಖ್ಯ.

ವೈಫೈ, ಬ್ಲೂಟೂತ್‌ಗಳ ಪೂರ್ಣ ರೂಪವೇನು?

ವೈಫೈ ಎಂಬುದಕ್ಕೆ ಪೂರ್ಣ ರೂಪವಿಲ್ಲ. ಅದು ಮಾರುಕಟ್ಟೆಗಾಗಿ ಹುಟ್ಟಿಸಿದ ಹೆಸರು. ಬ್ಲೂಟೂತ್ ಹತ್ತನೆಯ ಶತಮಾನದ ಡೆನ್ಮಾರ್ಕಿನ ದೊರೆ ಹೆರಾಲ್ಡನ ಅಡ್ಡಹೆಸರು. ಅರ್ಥ ಹುಡುಕಿ ಸೋತಿದ್ದರೆ ಬೇಸರ ಬೇಡ.

ಕೃತಕ ಬುದ್ಧಿಮತ್ತೆ ನಿಜವಾಗಿ ಯೋಚಿಸುತ್ತದೆಯೆ? ಅದು ಹೇಳಿದ್ದನ್ನು ನಂಬಬಹುದೆ?

'ಬುದ್ಧಿಮತ್ತೆ' ಎಂಬ ಪದ 1955ರಲ್ಲಿ ಜಾನ್ ಮೆಕಾರ್ಥಿ ಮತ್ತು ಸಂಗಡಿಗರು ಬರೆದ ಸಂಶೋಧನಾ ಪ್ರಸ್ತಾವದಲ್ಲಿ ಈ ಕ್ಷೇತ್ರದ ಹೆಸರಾಗಿ ಬಂತು. ಅದು ಒಂದು ಗುರಿಯ ಹೆಸರು, ಸಾಧಿಸಿದ್ದರ ಹೆಸರಲ್ಲ. ಇಂದಿನ ಸಂಭಾಷಣಾ ತಂತ್ರಾಂಶಗಳು ಅಪಾರ ಪ್ರಮಾಣದ ಬರಹದಿಂದ ಪದಗಳ ಜೋಡಣೆಯ ಕ್ರಮವನ್ನು ಗ್ರಹಿಸಿ, ಮುಂದೆ ಬರಲು ಹೆಚ್ಚು ಸಾಧ್ಯತೆಯಿರುವುದನ್ನು ಒಂದೊಂದಾಗಿ ಪೋಣಿಸುತ್ತ ಉತ್ತರ ಕಟ್ಟುತ್ತವೆ. ಅವು ಬಹಳಷ್ಟು ಕೆಲಸಕ್ಕೆ ನೆರವಾಗುತ್ತವೆ. ಅಷ್ಟೇ ನಿರರ್ಗಳವಾಗಿ ಇಲ್ಲದ್ದನ್ನೂ ಹೇಳುತ್ತವೆ. ಅದನ್ನು 'ಭ್ರಮೆ' ಎಂದು ಕರೆಯುವುದು ರೂಢಿಯಾಗಿದೆ. ತಪ್ಪು ಉತ್ತರವನ್ನು ತಪ್ಪು ಉತ್ತರ ಎಂದೇ ಕರೆಯುವುದು ಮೇಲು.

ಯಂತ್ರದ ಮಾತಿನಲ್ಲಿ ಮನಸ್ಸನ್ನು ಕಾಣುವ ನಮ್ಮ ಸ್ವಭಾವ ಹೊಸದಲ್ಲ. 1966ರಲ್ಲಿ ಜೋಸೆಫ್ ವೈಜನ್‌ಬಾಮ್ ಪ್ರಕಟಿಸಿದ ಎಲೈಜಾ ಎಂಬ ಸರಳ ಕಾರ್ಯಕ್ರಮ, ಕೇಳುಗರ ಮಾತನ್ನೇ ಸ್ವಲ್ಪ ತಿರುಗಿಸಿ ಪ್ರಶ್ನೆಯಾಗಿ ಹಿಂದಿರುಗಿಸುತ್ತಿತ್ತು. ಅದು ಹೇಗೆ ತಯಾರಾಯಿತೆಂದು ಹತ್ತಿರದಿಂದ ಕಂಡಿದ್ದ ಅವರ ಕಾರ್ಯದರ್ಶಿಯೇ ಅದರೊಂದಿಗೆ ಮಾತನಾಡುವಾಗ ಕೊಠಡಿಯಿಂದ ಹೊರಗೆ ಹೋಗುವಂತೆ ಅವರನ್ನು ಕೇಳಿಕೊಂಡರು. ಎತ್ತು ಈಯಿತು ಎಂದರೆ ಕೊಟ್ಟಿಗೆಗೆ ಕಟ್ಟು ಎನ್ನುವವರ ಹಾಗೆ ಆಗಬಾರದೆಂದಿದ್ದರೆ, ಔಷಧ, ಹಣ, ಕಾನೂನಿನ ವಿಷಯದಲ್ಲಿ ಅದು ಕೊಟ್ಟ ಉತ್ತರವನ್ನು ತಿಳಿದ ಮನುಷ್ಯರೊಬ್ಬರಿಗೆ ತೋರಿಸದೆ ಮುಂದಡಿ ಇಡಬೇಡಿ.

ಎಲ್ಲವನ್ನೂ ಫೋನಿಗೆ ಒಪ್ಪಿಸಿ ನಾವು ಮರೆಗುಳಿಗಳಾಗುತ್ತಿದ್ದೇವೆಯೆ?

ಮಾಹಿತಿ ಆಮೇಲೆ ಕೈಗೆ ಸಿಗುತ್ತದೆಯೆಂಬ ಭರವಸೆ ಇದ್ದವರು ಅದನ್ನು ಕಡಿಮೆ ನೆನಪಿಟ್ಟುಕೊಂಡರೆಂದು ಬೆಟ್ಸಿ ಸ್ಪ್ಯಾರೋ ಮತ್ತು ಸಂಗಡಿಗರು 2011ರಲ್ಲಿ ತಮ್ಮ ಪ್ರಯೋಗಗಳ ಆಧಾರದ ಮೇಲೆ ವರದಿ ಮಾಡಿದರು. ಇದರಲ್ಲಿ ಗಾಬರಿಪಡುವುದೇನೂ ನನಗೆ ಕಾಣುವುದಿಲ್ಲ. ಬರವಣಿಗೆ ಬಂದಾಗಲೂ ಮನುಷ್ಯ ನೆನಪಿನ ಹೊರೆಯನ್ನು ಇಳಿಸಿಕೊಂಡಿದ್ದಾನೆ. ನಾನು ಚಿಂತಿಸುವುದು ನೆನಪಿಗಿಂತ ಕೈಯ ರೂಢಿಯ ಬಗ್ಗೆ. ಯಂತ್ರ ಹೆಚ್ಚು ನಂಬಿಕೆಗೆ ಅರ್ಹವಾದಷ್ಟೂ ಮನುಷ್ಯನಿಗೆ ಅಭ್ಯಾಸ ತಪ್ಪುತ್ತದೆ, ಆದರೆ ಯಂತ್ರ ಕೈಬಿಟ್ಟ ಅತ್ಯಂತ ಕಠಿಣ ಗಳಿಗೆಯಲ್ಲಿ ಆ ಅಭ್ಯಾಸವೇ ಬೇಕಾಗುತ್ತದೆ ಎಂದು ಮನೋವಿಜ್ಞಾನಿ ಲಿಸಾನ್ ಬೇನ್‌ಬ್ರಿಜ್ 1983ರಲ್ಲಿಯೇ ಬರೆದಿದ್ದರು. 2009ರ ಜೂನ್ 1ರಂದು ಅಟ್ಲಾಂಟಿಕ್ ಸಾಗರದ ಮೇಲೆ ಏರ್ ಫ್ರಾನ್ಸ್ 447 ವಿಮಾನದ ವೇಗಮಾಪಕ ನಳಿಕೆಗಳು ಮಂಜುಗಟ್ಟಿ, ಸ್ವಯಂಚಾಲನೆ ಕಳಚಿಕೊಂಡು, ಚಾಲನೆ ಥಟ್ಟನೆ ಮನುಷ್ಯರ ಕೈಗೆ ಬಂತು. ವಿಮಾನ ಆಧಾರ ಕಳೆದುಕೊಂಡು ಬೀಳುತ್ತಿದೆಯೆಂಬುದನ್ನು ಪೈಲಟ್‌ಗಳು ಗುರುತಿಸಲಾಗಲಿಲ್ಲ, 228 ಮಂದಿ ಸತ್ತರು.

ನಮ್ಮ ದಿನನಿತ್ಯದ ಮಟ್ಟದಲ್ಲಿ ಇದರರ್ಥ ಇಷ್ಟೇ: ಗೊತ್ತಿರುವ ದಾರಿಯಲ್ಲಿ ಆಗಾಗ ನಕ್ಷೆಯ ನೆರವಿಲ್ಲದೆ ಹೋಗಿ ಬನ್ನಿ, ಮನೆಯವರ ಎರಡು ಮೂರು ಫೋನ್ ಸಂಖ್ಯೆಗಳನ್ನು ಬಾಯಿಪಾಠ ಮಾಡಿಡಿ.

ಒಂದು ದಿನ ಎಲ್ಲವೂ ನಿಂತುಹೋದರೆ?

ಭಾಗಶಃ ನಿಂತು ನೋಡಿಯಾಗಿದೆ. 2024ರ ಜುಲೈ 19ರಂದು ಕ್ರೌಡ್‌ಸ್ಟ್ರೈಕ್ ಎಂಬ ಭದ್ರತಾ ಸಂಸ್ಥೆ ಕಳಿಸಿದ ಒಂದು ದೋಷಪೂರಿತ ಪರಿಷ್ಕರಣೆಯಿಂದ, ಮೈಕ್ರೋಸಾಫ್ಟ್ ಅಂದಾಜಿನಂತೆ ಸುಮಾರು 85 ಲಕ್ಷ ವಿಂಡೋಸ್ ಕಂಪ್ಯೂಟರುಗಳು ಕೆಟ್ಟು ನಿಂತವು. ವಿಮಾನಗಳು ರದ್ದಾದವು, ಆಸ್ಪತ್ರೆ, ಬ್ಯಾಂಕುಗಳ ಕೆಲಸ ಅಡಚಣೆಗೊಳಗಾಯಿತು. ಅಂದು ಬಾಧಿತರಾದವರಲ್ಲಿ ಬಹುಪಾಲು ಮಂದಿ ಆ ಸಂಸ್ಥೆಯ ಹೆಸರನ್ನೇ ಕೇಳಿರಲಿಲ್ಲ. ಅವಲಂಬನೆಗಿಂತ, ಯಾವುದನ್ನು ಅವಲಂಬಿಸಿದ್ದೇವೆಂಬುದೇ ತಿಳಿಯದಿರುವುದು ನನಗೆ ಹೆಚ್ಚು ಅಪಾಯಕಾರಿಯಾಗಿ ಕಾಣುತ್ತದೆ. ಪ್ರಯಾಣದ ಟಿಕೆಟ್, ಔಷಧಗಳ ಪಟ್ಟಿ, ತುರ್ತು ಸಂಖ್ಯೆಗಳು ಕಾಗದದ ಮೇಲೂ ಇರಲಿ. ಕೈಯಲ್ಲಿ ಒಂದಿಷ್ಟು ನಗದೂ ಇರಲಿ.

ತಜ್ಞರು ಅರ್ಥವಾಗದಂತೆ ಮಾತನಾಡಿದಾಗ ಏನು ಮಾಡಲಿ?

ತಡೆದು ಕೇಳಿ. "ಹಾಗೆಂದರೆ ನಾನು ಈಗ ಏನು ಮಾಡಬೇಕು, ಮಾಡದಿದ್ದರೆ ಏನಾಗುತ್ತದೆ?" ಎಂಬ ಪ್ರಶ್ನೆ ಬಹುತೇಕ ಎಲ್ಲ ಸಂದರ್ಭಕ್ಕೂ ಸಾಲುತ್ತದೆ. ವಿಷಯ ಬಲ್ಲವರು ಅದಕ್ಕೆ ಸಂತೋಷದಿಂದ ಉತ್ತರಿಸುತ್ತಾರೆ. ಮತ್ತೆ ಮತ್ತೆ ಕೇಳಿದರೂ ಹೊಸ ಹೊಸ ಪದಗಳೇ ಬರುತ್ತಿದ್ದರೆ ಹಣ ಕೊಡುವುದನ್ನೂ ಸಹಿ ಹಾಕುವುದನ್ನೂ ಮುಂದೂಡಿ.

ವಯಸ್ಸಾದ ತಂದೆತಾಯಿಗೆ ಇವನ್ನೆಲ್ಲ ಹೇಗೆ ಕಲಿಸಲಿ?

ಅವರ ಕೈಯಿಂದ ಫೋನನ್ನು ಕಸಿದುಕೊಳ್ಳಬೇಡಿ. ನಾವು ಮೂರು ಸೆಕೆಂಡಿನಲ್ಲಿ ಮಾಡಿಕೊಟ್ಟ ಕೆಲಸವನ್ನು ಅವರು ಎಂದಿಗೂ ಕಲಿಯುವುದಿಲ್ಲ. ಪಕ್ಕದಲ್ಲಿ ಕುಳಿತು, ಅವರ ಬೆರಳೇ ಒತ್ತುವಂತೆ ನೋಡಿಕೊಳ್ಳಬೇಕು. ಅವರು ಇಟ್ಟುಕೊಂಡ ಹೆಸರುಗಳನ್ನು ತಿದ್ದಲೂ ಹೋಗಬಾರದು. ನನ್ನ ತಾಯಿ ಒಂದು ನೋಟ್‌ಪುಸ್ತಕದಲ್ಲಿ ತಮ್ಮದೇ ಮಾತಿನಲ್ಲಿ ಎಲ್ಲವನ್ನೂ ಬರೆದಿಟ್ಟಿದ್ದಾರೆ. ವಿಡಿಯೋ ಕರೆಯ ಗುರುತು ಅಲ್ಲಿ "ಮುಖ ತೋರಿಸುವ ಡಬ್ಬಿ", ಹಿಂದಕ್ಕೆ ಹೋಗುವ ಬಾಣ "ಮನೆಗೆ ವಾಪಸ್ಸು", ಫೋನಿಗೆ ಬರುವ ಗುಟ್ಟಿನ ಸಂಖ್ಯೆ "ಯಾರಿಗೂ ಹೇಳಬಾರದ ಆರಂಕಿ". ಕಳೆದ ವರ್ಷ ಯಾರೋ ಕರೆ ಮಾಡಿ ಓಟಿಪಿ ಕೇಳಿದಾಗ ಅವರಿಗೆ ಓಟಿಪಿ ಎಂಬುದು ಅರ್ಥವಾಗಲಿಲ್ಲ. ಫೋನಿಗೆ ಬಂದ ಆರು ಅಂಕಿ ಹೇಳಿ ಎಂದು ಆತ ಬಿಡಿಸಿ ಹೇಳಿದ ಕೂಡಲೇ ಪುಸ್ತಕದ ಆ ಸಾಲು ನೆನಪಾಗಿ ಕರೆಯನ್ನು ಕತ್ತರಿಸಿದರು.